ಸತೀಶ್ ಧವನ್: ಸೋತಾಗ ಮುಂದೆ ನಿಂತ ಹಿರಿಯರು

ನಮ್ಮ ಶಾಲೆಗೆ ಐವತ್ತು ವರ್ಷ ತುಂಬಿದ ಈ ಸಂದರ್ಭದಲ್ಲಿ ಸ್ಮರಣ ಸಂಚಿಕೆಗೆ ಒಂದು ಲೇಖನ ಬರೆದುಕೊಡಬೇಕೆಂದು ಸಮಿತಿಯ ಹಿರಿಯರು ಕೇಳಿದರು. ಕಂಪ್ಯೂಟರ್ ಬಗ್ಗೆ ಬರೆಯುತ್ತೀಯೇನೋ ಎಂಬ ನಿರೀಕ್ಷೆ ಅವರದ್ದು. ನಾನು ಬೇರೊಂದು ವಿಷಯ ಆರಿಸಿಕೊಂಡಿದ್ದೇನೆ, ಅದಕ್ಕೆ ಕಾರಣ ನಮ್ಮ ಶಾಲೆ ಹುಟ್ಟಿದ ವರ್ಷ.

1975ರಲ್ಲಿ ನಮ್ಮೂರಿನ ಹಿರಿಯರು ಹೈಸ್ಕೂಲು ಬೇಕೆಂದು ಶಹಾಪುರ, ಸುರಪುರ, ಗುಲ್ಬರ್ಗಾಗಳಿಗೆ ಅಲೆದು, ಕಡೆಗೆ ಎರಡು ಕೋಣೆಗಳಲ್ಲಿ ಎಂಟನೆಯ ತರಗತಿ ಶುರುವಾಗುವಂತೆ ಮಾಡಿದರು. ಅದೇ ವರ್ಷದ ಏಪ್ರಿಲ್ 19ರಂದು ಬೆಂಗಳೂರಿನಲ್ಲಿ ತಯಾರಾದ ಆರ್ಯಭಟ ಉಪಗ್ರಹ ಆಕಾಶಕ್ಕೇರಿತು. ಅದೇ ವರ್ಷದ ಆಗಸ್ಟ್ 1ರಂದು ಆಕಾಶದಿಂದ ನಮ್ಮ ಭಾಗದ ಹಳ್ಳಿಗಳಿಗೆ ಟಿ.ವಿ. ಇಳಿದು ಬಂತು. ಈ ಎರಡೂ ಕೆಲಸ ನಡೆದಾಗ ದೇಶದ ಬಾಹ್ಯಾಕಾಶ ಸಂಸ್ಥೆಯಾದ ಇಸ್ರೋದ ಅಧ್ಯಕ್ಷರಾಗಿದ್ದವರು ಪ್ರೊಫೆಸರ್ ಸತೀಶ್ ಧವನ್. ನಾನು ಬರೆಯುತ್ತಿರುವುದು ಅವರ ಬಗ್ಗೆ.

ಅವರ ಹೆಸರು ನಾನು ಮೊದಲು ಕೇಳಿದ್ದು ಇದೇ ಶಾಲೆಯ ಒಂಬತ್ತನೆಯ ತರಗತಿಯಲ್ಲಿ. ವಿಜ್ಞಾನದ ಗುರುಗಳು ರಾಕೆಟ್ ಪಾಠ ಮಾಡುವಾಗ ಅಬ್ದುಲ್ ಕಲಾಂ ಅವರ ಜೊತೆಗೆ ಈ ಹೆಸರನ್ನೂ ಹೇಳಿದ್ದರು. ಆಗ ಕಲಾಂ ರಾಷ್ಟ್ರಪತಿಗಳಾಗಿದ್ದರು, ನಮಗೆಲ್ಲ ಅವರ ಹೆಸರಷ್ಟೇ ನೆನಪಿನಲ್ಲಿ ಉಳಿಯಿತು. ಧವನ್ ಎಂಬ ಹೆಸರಿನ ಬೆಲೆ ನನಗೆ ತಿಳಿದದ್ದು ಬಹಳ ತಡವಾಗಿ, ನಾನೊಂದು ತಪ್ಪು ಮಾಡಿದ ಮೇಲೆ. ಅದನ್ನು ಮುಂದೆ ಹೇಳುತ್ತೇನೆ.

ಸತೀಶ್ ಧವನ್ ಹುಟ್ಟಿದ್ದು 1920ರ ಸೆಪ್ಟೆಂಬರ್ 25ರಂದು ಕಾಶ್ಮೀರದ ಶ್ರೀನಗರದಲ್ಲಿ. ಓದಿದ್ದು ಲಾಹೋರಿನ ಪಂಜಾಬ್ ವಿಶ್ವವಿದ್ಯಾಲಯದಲ್ಲಿ. ಮೊದಲು ಗಣಿತ ಮತ್ತು ಭೌತಶಾಸ್ತ್ರದಲ್ಲಿ ಬಿ.ಎ., ಆಮೇಲೆ ಇಂಗ್ಲಿಷ್ ಸಾಹಿತ್ಯದಲ್ಲಿ ಎಂ.ಎ., ಅದರ ನಂತರ 1945ರಲ್ಲಿ ಮೆಕ್ಯಾನಿಕಲ್ ಇಂಜಿನಿಯರಿಂಗ್‌ನಲ್ಲಿ ಬಿ.ಇ. ಎಸ್ಸೆಸ್ಸೆಲ್ಸಿ ಮುಗಿದ ಕೂಡಲೇ ಆರ್ಟ್ಸೋ ಸೈನ್ಸೋ ಎಂದು ಮಕ್ಕಳನ್ನು ಎರಡು ಸಾಲು ಮಾಡಿ ನಿಲ್ಲಿಸುವ ನಾವು ಈ ಪದವಿಗಳ ಸಾಲನ್ನು ಒಮ್ಮೆ ನಿಧಾನವಾಗಿ ಓದಬೇಕು. ಕವಿತೆ ಓದಿದವರೇ ಮುಂದೆ ರಾಕೆಟ್ಟಿನ ಲೆಕ್ಕವನ್ನೂ ಮಾಡಿದರು.

ಓದು ಮುಗಿಸಿ ಅವರು ಕೆಲಸಕ್ಕೆ ಬಂದದ್ದು ನಮ್ಮ ಬೆಂಗಳೂರಿಗೆ, ಹಿಂದೂಸ್ತಾನ್ ಏರ್‌ಕ್ರಾಫ್ಟ್ ಕಾರ್ಖಾನೆಗೆ. ಇಂದು ಎಚ್.ಎ.ಎಲ್. ಎಂದು ನಾವು ಕರೆಯುವ ಆ ಕಾರ್ಖಾನೆ 1940ರ ಡಿಸೆಂಬರಿನಲ್ಲಿ ಮೈಸೂರು ಸರ್ಕಾರದ ನೆರವಿನಿಂದ ಶುರುವಾದದ್ದು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅಮೆರಿಕದ ಯುದ್ಧವಿಮಾನಗಳ ರಿಪೇರಿ ಅಲ್ಲಿ ನಡೆಯುತ್ತಿತ್ತು. ಯುದ್ಧ ಮುಗಿದಿತ್ತು, ದೇಶ ಸ್ವತಂತ್ರವಾಗುವ ಹೊಸ್ತಿಲಲ್ಲಿತ್ತು. ಬೇರೆಯವರ ವಿಮಾನ ರಿಪೇರಿ ಮಾಡುವುದನ್ನು ನಾವು ಕಲಿತಿದ್ದೆವು, ನಮ್ಮದೇ ವಿಮಾನ ಮಾಡುವ ವಿದ್ಯೆ ಇನ್ನೂ ಬರಬೇಕಿತ್ತು. ಆ ವಿದ್ಯೆ ಕಲಿಯಲು ಧವನ್ ಅಮೆರಿಕಕ್ಕೆ ಹೋದರು. ಮಿನ್ನೆಸೋಟದಲ್ಲಿ ಎಂ.ಎಸ್., ಆಮೇಲೆ ಕ್ಯಾಲ್‌ಟೆಕ್ ಎಂಬ ಹೆಸರಾಂತ ಸಂಸ್ಥೆಯಲ್ಲಿ ಹಾನ್ಸ್ ಲೀಪ್‌ಮನ್ ಎಂಬ ಗುರುಗಳ ಕೈಕೆಳಗೆ 1951ರಲ್ಲಿ ಪಿಎಚ್.ಡಿ.

ಅವರ ಸಂಶೋಧನೆಯ ವಿಷಯ ಹಳ್ಳಿಯ ಹುಡುಗರಿಗೂ ಅರ್ಥವಾಗುವಂಥದ್ದು. ಶಹಾಪುರಕ್ಕೆ ಹೋಗುವ ಬಸ್ಸಿನ ಕಿಟಕಿಯಿಂದ ಕೈ ಹೊರಗೆ ಚಾಚಿದರೆ ಗಾಳಿ ಕೈಯನ್ನು ಹಿಂದಕ್ಕೆ ತಳ್ಳುತ್ತದೆ (ಚಾಚಬೇಡಿ, ಕಂಡಕ್ಟರ್ ಬೈಯುತ್ತಾರೆ). ತಳ್ಳುವುದರ ಜೊತೆಗೆ ಗಾಳಿ ಚರ್ಮವನ್ನು ಉಜ್ಜಿಕೊಂಡೂ ಹೋಗುತ್ತದೆ. ವಿಮಾನದ ರೆಕ್ಕೆಯ ಮೇಲೂ ಹಾಗೆಯೇ. ಆ ಉಜ್ಜುವಿಕೆಯ ಬಲ ಬಹಳ ಸಣ್ಣದು. ಅದನ್ನು ನೇರವಾಗಿ ಅಳೆದು ತೋರಿಸುವುದು ಅವರ ಪ್ರಬಂಧದ ಕೆಲಸವಾಗಿತ್ತು.

ಅಮೆರಿಕದಲ್ಲಿ ಉಳಿದಿದ್ದರೆ ಅವರಿಗೆ ಯಾವ ಕೊರತೆಯೂ ಆಗುತ್ತಿರಲಿಲ್ಲ. ಅವರು 1951ರಲ್ಲೇ ಮರಳಿ, ಬೆಂಗಳೂರಿನ ಜನ ಟಾಟಾ ಇನ್‌ಸ್ಟಿಟ್ಯೂಟ್ ಎಂದು ಕರೆಯುವ ಭಾರತೀಯ ವಿಜ್ಞಾನ ಸಂಸ್ಥೆಗೆ ಸೇರಿದರು. ಅದೇ ವರ್ಷದ ಆಗಸ್ಟಿನಲ್ಲಿ ಡಾ. ವಿ. ಎಂ. ಘಾಟಗೆ ಅವರ ತಂಡ ವಿನ್ಯಾಸ ಮಾಡಿದ ಎಚ್‌ಟಿ-2 ತರಬೇತಿ ವಿಮಾನ ಎಚ್.ಎ.ಎಲ್.ನಿಂದ ಮೊದಲ ಸಲ ಹಾರಿತ್ತು. ನಮ್ಮದೇ ವಿಮಾನದ ಕಾಲ ಆರಂಭವಾಗಿತ್ತು. ಧವನ್ ಸಂಸ್ಥೆಯಲ್ಲಿ ಶಬ್ದದ ವೇಗವನ್ನೂ ಮೀರಿ ಗಾಳಿ ಹರಿಸುವ ಸೂಪರ್‌ಸಾನಿಕ್ ಗಾಳಿ ಸುರಂಗ ಕಟ್ಟಿದರು, ಅಲ್ಲಿ ಒಂದು ತಲೆಮಾರಿನ ವಿದ್ಯಾರ್ಥಿಗಳನ್ನು ಬೆಳೆಸಿದರು. 1955ರಲ್ಲಿ ವಿಭಾಗದ ಮುಖ್ಯಸ್ಥರಾದರು, 1962ರಲ್ಲಿ ಇಡೀ ಸಂಸ್ಥೆಯ ನಿರ್ದೇಶಕರಾದರು. ಆಗ ಅವರ ವಯಸ್ಸು ನಲವತ್ತೆರಡರ ಆಸುಪಾಸು. ಆ ಕುರ್ಚಿಯಲ್ಲಿ 1981ರವರೆಗೆ ಕೂತರು.

1971ರ ಡಿಸೆಂಬರ್ 30ರಂದು ಭಾರತದ ಬಾಹ್ಯಾಕಾಶ ಕಾರ್ಯಕ್ರಮದ ಜನಕ ವಿಕ್ರಂ ಸಾರಾಭಾಯಿ ಹಠಾತ್ತನೆ ತೀರಿಕೊಂಡರು. ಆಗ ಧವನ್ ಕ್ಯಾಲ್‌ಟೆಕ್‌ನಲ್ಲಿ ಒಂದು ವರ್ಷದ ರಜೆಯ ಮೇಲೆ ಪಾಠ ಮಾಡುತ್ತಿದ್ದರು. ಪ್ರಧಾನಿ ಇಂದಿರಾ ಗಾಂಧಿಯವರಿಂದ ಕರೆ ಬಂತು. ಒಪ್ಪಿಕೊಳ್ಳುವ ಮುನ್ನ ಅವರು ಕೇಳಿದ್ದು ಬಂಗಲೆಯನ್ನಲ್ಲ, ಕಾರನ್ನಲ್ಲ. ಬಾಹ್ಯಾಕಾಶ ಕಾರ್ಯಕ್ರಮದ ಕೇಂದ್ರ ಕಚೇರಿ ಬೆಂಗಳೂರಿನಲ್ಲಿರಬೇಕು, ತಾವು ವಿಜ್ಞಾನ ಸಂಸ್ಥೆಯ ನಿರ್ದೇಶಕರಾಗಿಯೂ ಮುಂದುವರಿಯಬೇಕು ಎಂದಷ್ಟೇ ಕೇಳಿದರು. ಎರಡಕ್ಕೂ ಒಪ್ಪಿಗೆ ಸಿಕ್ಕಿತು. ಇಸ್ರೋದ ಮನೆ ಕರ್ನಾಟಕವಾದದ್ದು ಹೀಗೆ. ಇಂದು ನನ್ನಂಥ ಸಾವಿರಾರು ಹುಡುಗರು ಬೆಂಗಳೂರಿನಲ್ಲಿ ತಾಂತ್ರಿಕ ಕೆಲಸ ಮಾಡಿ ಊರಿಗೆ ಹಣ ಕಳಿಸುತ್ತಿದ್ದರೆ, ಆ ನಗರಕ್ಕೆ ವಿಜ್ಞಾನದ ಬೇರು ಊರಿಸಿದವರಲ್ಲಿ ಅವರೂ ಒಬ್ಬರು.

ಈಗ ನಮ್ಮ ಹಳ್ಳಿಗಳ ಮಾತಿಗೆ ಬರುತ್ತೇನೆ.

ಆ ಕಾಲದಲ್ಲಿ ದೊಡ್ಡ ದೇಶಗಳು ಆಕಾಶವನ್ನು ಹೆಚ್ಚಾಗಿ ಬಳಸುತ್ತಿದ್ದದ್ದು ಒಬ್ಬರ ಮನೆಯಲ್ಲಿ ಇನ್ನೊಬ್ಬರು ಇಣುಕಲು. 1960ರ ಮೇ 1ರಂದು ಅಮೆರಿಕದ ಯು-2 ಬೇಹುಗಾರಿಕೆ ವಿಮಾನವನ್ನು ಸೋವಿಯತ್ ಒಕ್ಕೂಟ ಹೊಡೆದುರುಳಿಸಿತು. ಅದೇ ವರ್ಷ ಅಮೆರಿಕದ ಕೊರೋನಾ ಎಂಬ ಗೂಢಚಾರ ಉಪಗ್ರಹ ಸೋವಿಯತ್ ನೆಲದ ಚಿತ್ರ ತೆಗೆದು ಫಿಲ್ಮನ್ನು ಡಬ್ಬಿಯಲ್ಲಿಟ್ಟು ಕೆಳಗೆ ಕಳಿಸತೊಡಗಿತು. ಇಂಥ ಕಾಲದಲ್ಲಿ ಸಾರಾಭಾಯಿ ಅವರು ಉಪಗ್ರಹದಿಂದ ಬಡವರ ಹಳ್ಳಿಗೆ ಪಾಠ ಕಳಿಸಬಹುದು ಎಂದು ಯೋಚಿಸಿದರು. 1969ರಲ್ಲಿ ಅಮೆರಿಕದ ನಾಸಾ ಜೊತೆ ಒಪ್ಪಂದವಾಯಿತು. ಅವರು ಹೋದ ಮೇಲೆ ಆ ಯೋಜನೆಯನ್ನು ನಡೆಸಿ ತೋರಿಸುವ ಭಾರ ಧವನ್ ಅವರ ಹೆಗಲಿಗೆ ಬಂತು. ಅಹಮದಾಬಾದಿನಲ್ಲಿ ಯಶ್ ಪಾಲ್ ಮತ್ತು ಅವರ ಸಂಗಡಿಗರು ಅದನ್ನು ಕಟ್ಟಿ ನಿಲ್ಲಿಸಿದರು. ಅದರ ಹೆಸರು ಸೈಟ್.

ನಾಸಾದ ಎಟಿಎಸ್-6 ಉಪಗ್ರಹವನ್ನು ಒಂದು ವರ್ಷದ ಮಟ್ಟಿಗೆ ಆಫ್ರಿಕಾದ ಮೇಲಕ್ಕೆ ಸರಿಸಿ ಭಾರತದ ಕಡೆ ತಿರುಗಿಸಿದರು. ಆರು ರಾಜ್ಯಗಳ 20 ಜಿಲ್ಲೆಗಳಲ್ಲಿ ಸುಮಾರು 2,400 ಹಳ್ಳಿಗಳನ್ನು ಆರಿಸಿದರು. ಯಾವ ಭಾಗ ಹಿಂದುಳಿದಿದೆಯೋ ಅದಕ್ಕೇ ಮೊದಲ ಪಾಲು. ಹಾಗಾಗಿ ಕರ್ನಾಟಕದಿಂದ ಆಯ್ಕೆಯಾದದ್ದು ಗುಲ್ಬರ್ಗಾ, ರಾಯಚೂರು, ಬಿಜಾಪುರ ಜಿಲ್ಲೆಗಳು. ಯಾದಗಿರಿ, ಶಹಾಪುರ, ಸುರಪುರ ಮೂರೂ ಆಗ ಗುಲ್ಬರ್ಗಾ ಜಿಲ್ಲೆಯಲ್ಲಿದ್ದವು. ಹಿಂದುಳಿದವರು ಎಂಬ ಪಟ್ಟಿಯಲ್ಲಿ ನಮ್ಮ ಹೆಸರು ಎಷ್ಟೋ ಸಲ ಬಂದಿದೆ. ಆ ಪಟ್ಟಿಯಿಂದಾಗಿ ನಾವು ಎಲ್ಲರಿಗಿಂತ ಮುಂದೆ ನಿಂತದ್ದು ಅದೊಂದೇ ಸಲವೇನೋ. ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರ ನವೆಂಬರಿನಲ್ಲಿ. ಅದಕ್ಕೂ ಆರು ವರ್ಷ ಮೊದಲೇ ನಮ್ಮ ಭಾಗದ ರೈತರು ಕಟ್ಟೆಯ ಮುಂದೆ ಕೂತು ಉಪಗ್ರಹದ ಟಿ.ವಿ. ನೋಡಿದ್ದರು.

ನಮ್ಮ ಅಪ್ಪ ಆಗ ಹದಿಮೂರು ವರ್ಷದ ಹುಡುಗ. ಅವರ ಸೋದರಮಾವನ ಊರಿಗೆ ಆ ಪೆಟ್ಟಿಗೆ ಬಂದಿತ್ತು. ಕೋಳಿಗೂಡಿಗೆ ಬಳಸುವಂಥ ತಂತಿ ಜಾಲರಿಯಿಂದ ಮಾಡಿದ, ಹತ್ತಡಿ ಅಗಲದ ದೊಡ್ಡ ಛತ್ರಿ. ಪ್ರೈಮರಿ ಶಾಲೆಯ ಪಡಸಾಲೆಯಲ್ಲಿ ಟಿ.ವಿ. ಬೆಳಿಗ್ಗೆ ಮಕ್ಕಳಿಗೆ ವಿಜ್ಞಾನ, ಸಂಜೆ ದೊಡ್ಡವರಿಗೆ ಒಕ್ಕಲುತನ, ಆರೋಗ್ಯ, ಹಾಡು, ನಾಟಕ, ಕನ್ನಡದಲ್ಲೇ. ಅಪ್ಪ ಸೋದರಮಾವನ ಊರಿಗೆ ಹೋಗುವ ನೆಪ ಹುಡುಕುತ್ತಿದ್ದರಂತೆ. ಮುಂದಿನ ಸಾಲು ಮಕ್ಕಳಿಗೆ, ಹಿಂದೆ ಗಂಡಸರು, ಒಂದು ಬದಿಗೆ ಸೆರಗು ಹೊದ್ದ ಹೆಂಗಸರು. ಟಿ.ವಿ.ಯಲ್ಲಿ ಬಂದವರು ತನ್ನನ್ನೇ ನೋಡುತ್ತಿದ್ದಾರೆಂದು ಅಪ್ಪನ ಅಜ್ಜಿ ಸೆರಗು ಸರಿಮಾಡಿಕೊಳ್ಳುತ್ತಿದ್ದಳಂತೆ. 1976ರ ಜುಲೈ 31ಕ್ಕೆ ವರ್ಷ ಮುಗಿಯಿತು. ಉಪಗ್ರಹವನ್ನು ಹಿಂದಕ್ಕೆ ಕರೆದೊಯ್ದರು, ಪರದೆ ಬರಿದಾಯಿತು. ಆದರೂ ಆಸೆ ಪೂರ್ತಿ ಸಾಯಲಿಲ್ಲ. 1977ರಲ್ಲಿ ಗುಲ್ಬರ್ಗಾದಲ್ಲಿ ದೂರದರ್ಶನ ಕೇಂದ್ರವಾಯಿತು. 1983ರಲ್ಲಿ ನಮ್ಮ ದೇಶದ ಇನ್ಸಾಟ್-1ಬಿ ಆಕಾಶದಲ್ಲಿ ನೆಲೆನಿಂತಾಗಲೂ ಇಸ್ರೋ ಅಧ್ಯಕ್ಷರು ಧವನ್ ಅವರೇ.

ಅವರ ಜೀವನದ ಮುಖ್ಯ ಘಟನೆ ಮಾತ್ರ 1979ರ ಆಗಸ್ಟ್ 10ರದ್ದು. ಆಂಧ್ರದ ಶ್ರೀಹರಿಕೋಟಾದಲ್ಲಿ ಎಸ್‌ಎಲ್‌ವಿ-3 ರಾಕೆಟ್ ಹಾರಲು ಸಿದ್ಧವಾಗಿತ್ತು. ಉಪಗ್ರಹವನ್ನು ಕಕ್ಷೆಗೆ ಸೇರಿಸಲು ನಾವೇ ಮಾಡಿದ ಮೊದಲ ರಾಕೆಟ್. 22 ಮೀಟರ್ ಎತ್ತರ, 17 ಟನ್ ತೂಕ, ನಾಲ್ಕು ಹಂತ. ಯೋಜನೆಯ ನಿರ್ದೇಶಕರು ಅಬ್ದುಲ್ ಕಲಾಂ. ಕೊನೆಯ ನಿಮಿಷಗಳಲ್ಲಿ ಕಂಪ್ಯೂಟರ್ ತಡೆ ಒಡ್ಡಿತು, ಏನೋ ಸರಿಯಿಲ್ಲವೆಂದು ಎಚ್ಚರಿಸಿತು. ಪಕ್ಕದಲ್ಲಿದ್ದ ತಜ್ಞರು ಲೆಕ್ಕ ಹಾಕಿ ತೊಂದರೆಯಿಲ್ಲ ಎಂದರು. ಕಲಾಂ ಮುಂದುವರಿಯಲು ನಿರ್ಧರಿಸಿದರು. ಮೊದಲ ಹಂತ ಚೆನ್ನಾಗಿ ಉರಿಯಿತು. ಎರಡನೆಯ ಹಂತದಲ್ಲಿ ರಾಕೆಟ್ ಹತೋಟಿ ತಪ್ಪಿತು. ಐದು ನಿಮಿಷ ಚಿಲ್ಲರೆಯಲ್ಲಿ ಎಲ್ಲವೂ ಬಂಗಾಳ ಕೊಲ್ಲಿಯ ಪಾಲಾಯಿತು. ಆಮೇಲೆ ಗೊತ್ತಾದ ಕಾರಣ ಇಷ್ಟು: ಒಂದು ಕವಾಟ ಪೂರ್ತಿ ಮುಚ್ಚದೆ ಸಿಕ್ಕಿಕೊಂಡಿತ್ತು, ರಾಕೆಟ್ಟಿನ ದಿಕ್ಕು ನಿಯಂತ್ರಿಸಬೇಕಿದ್ದ ಆಮ್ಲ ನೆಲದ ಮೇಲಿದ್ದಾಗಲೇ ಸೋರಿಹೋಗಿತ್ತು.

ಹೊರಗೆ ಪತ್ರಕರ್ತರು ಕಾದಿದ್ದರು. ಬಡ ದೇಶದ ಕೋಟಿಗಟ್ಟಲೆ ಹಣ ನೀರಿಗೆ ಬಿತ್ತು, ಯಾರು ಹೊಣೆ ಎಂಬ ಪ್ರಶ್ನೆ ಬರುವುದು ಖಾತ್ರಿಯಿತ್ತು. ಮುಂದುವರಿಯಲು ಹೇಳಿದವರು ಯಾರೆಂಬುದು ಒಳಗಿದ್ದ ಎಲ್ಲರಿಗೂ ಗೊತ್ತಿತ್ತು. ಧವನ್ ಕಲಾಂ ಅವರನ್ನು ಪಕ್ಕದಲ್ಲಿ ಕೂರಿಸಿಕೊಂಡು ತಾವೇ ಮಾತಾಡಿದರು. ಸೋಲನ್ನು ಸಂಸ್ಥೆಯ ಮುಖ್ಯಸ್ಥನಾಗಿ ತಮ್ಮ ಮೇಲೆ ಹಾಕಿಕೊಂಡರು. ತಮ್ಮ ತಂಡದ ಮೇಲೆ ನಂಬಿಕೆಯಿದೆ, ಇನ್ನೊಂದು ವರ್ಷದೊಳಗೆ ಗೆದ್ದು ತೋರಿಸುತ್ತಾರೆ ಎಂದರು. ಕಲಾಂ ಹೆಸರನ್ನು ಯಾರ ಬಾಯಿಗೂ ಕೊಡಲಿಲ್ಲ.

ಹನ್ನೊಂದು ತಿಂಗಳ ಮೇಲೆ, 1980ರ ಜುಲೈ 18ರಂದು, ಎಸ್‌ಎಲ್‌ವಿ-3 ಮತ್ತೆ ಹಾರಿತು. 35 ಕಿಲೋ ತೂಕದ ರೋಹಿಣಿ ಉಪಗ್ರಹ ಕಕ್ಷೆ ಸೇರಿತು. ಈ ಸಲವೂ ಪತ್ರಕರ್ತರು ಕಾದಿದ್ದರು. ಆ ದಿನ ಧವನ್ ಹಿಂದೆ ಸರಿದು, ಪತ್ರಿಕಾಗೋಷ್ಠಿಯನ್ನು ನೀನೇ ನಡೆಸು ಎಂದು ಕಲಾಂ ಅವರನ್ನು ಮುಂದೆ ಕಳಿಸಿದರು. ಕಲಾಂ ರಾಷ್ಟ್ರಪತಿಯಾದ ಮೇಲೂ ಊರೂರಿನ ಮಕ್ಕಳ ಮುಂದೆ ಈ ಪ್ರಸಂಗವನ್ನು ಹೇಳುತ್ತಲೇ ಇದ್ದರು.

ಈಗ ನನ್ನ ಮಾತು. ಮೂರು ವರ್ಷದ ಹಿಂದೆ ನಾನು ಕೆಲಸ ಮಾಡುತ್ತಿದ್ದ ಕಡೆ ಹಣ ಪಾವತಿಯ ತಂತ್ರಾಂಶವೊಂದನ್ನು ರಾತ್ರಿ ಬದಲಿಸಬೇಕಿತ್ತು. ನಾನು ಐದು ಜನರ ತಂಡದ ಮುಖ್ಯಸ್ಥ. ಪರೀಕ್ಷೆಯಲ್ಲಿ ಒಂದು ಎಚ್ಚರಿಕೆ ಬಂತು. ಇಂಥವು ಬರುತ್ತಲೇ ಇರುತ್ತವೆ, ಮುಂದುವರಿ ಎಂದು ಹುಡುಗನಿಗೆ ನಾನೇ ಹೇಳಿದೆ. ಬೆಳಗಾಗುವಷ್ಟರಲ್ಲಿ ಎಷ್ಟೋ ಗ್ರಾಹಕರ ಖಾತೆಯಿಂದ ಎರಡೆರಡು ಸಲ ಹಣ ಕಡಿತವಾಗಿತ್ತು. ಹಣವನ್ನು ವಾಪಸ್ ಹಾಕಿಸಿದೆವು. ಆಮೇಲೆ ಮೀಟಿಂಗ್ ನಡೆಯಿತು. ಗುಂಡಿ ಒತ್ತಿದವರು ಯಾರು ಎಂದು ಕೇಳಿದರು. ದಾಖಲೆಯಲ್ಲಿದ್ದದ್ದು ಆ ಹುಡುಗನ ಹೆಸರು. ರಾಯಚೂರು ಕಡೆಯವನು, ಮೊದಲ ನೌಕರಿ, ಇಂಗ್ಲಿಷ್ ಮಾತಾಡಲು ನನ್ನಂತೆಯೇ ತಡವರಿಸುವವನು. ಅವನು ನನ್ನ ಮುಖ ನೋಡಿದ. ನಾನು ಮುಂದಿದ್ದ ಕಾಗದ ನೋಡಿದೆ. ಒಂದು ನಿಮಿಷ ಬಾಯಿ ಬಿಟ್ಟಿದ್ದರೆ ಸಾಕಿತ್ತು. ಬಿಡಲಿಲ್ಲ. ಅವನನ್ನು ತಂಡದಿಂದ ತೆಗೆದರು, ಕೆಲವು ತಿಂಗಳಲ್ಲಿ ಕೆಲಸ ಬಿಟ್ಟು ಹೋದ.

ಕಲಾಂ ಹೇಳುತ್ತಿದ್ದ ಆ ಪ್ರಸಂಗವನ್ನು ನಾನು ಪೂರ್ತಿಯಾಗಿ ಓದಿದ್ದು ಅದಾದ ಮೇಲೆ. ಕಂಪ್ಯೂಟರಿನ ಎಚ್ಚರಿಕೆ, ಅದನ್ನು ದಾಟಿದ ನಿರ್ಧಾರ, ಮುಂದಿನ ಸೋಲು, ಎಲ್ಲವೂ ನನ್ನ ರಾತ್ರಿಯಂತೆಯೇ ಇತ್ತು. ಮೀಟಿಂಗಿನ ಕೋಣೆ ಮಾತ್ರ ಬೇರೆಯಾಗಿತ್ತು. ಆ ಕೋಣೆಯಲ್ಲಿ ಧವನ್ ಇದ್ದರು, ನನ್ನ ಕೋಣೆಯಲ್ಲಿ ನಾನಿದ್ದೆ. ಆ ಹುಡುಗನಿಗೆ ಫೋನ್ ಮಾಡಿ ಕ್ಷಮೆ ಕೇಳಿದೆ. ಇರಲಿ ಬಿಡ್ರಿ ಅಣ್ಣ ಎಂದ. ಆ ಮಾತಿನಿಂದ ನನಗೆ ಸಮಾಧಾನವಾಗಲಿಲ್ಲ. ಅವನಿಗೆ ಮೀಟಿಂಗಿನಲ್ಲಿ ಸಿಗಬೇಕಿದ್ದದ್ದು ಫೋನಿನಲ್ಲಿ ಸಿಗುವುದಿಲ್ಲ ಎಂಬುದು ಇಬ್ಬರಿಗೂ ಗೊತ್ತಿತ್ತು.

ತಮ್ಮವರ ಪಕ್ಕ ನಿಲ್ಲುವ ಸ್ವಭಾವವನ್ನು ಧವನ್ ನಿವೃತ್ತಿಯಾದ ಮೇಲೂ ಬಿಡಲಿಲ್ಲ. ಅವರು ಅಧ್ಯಕ್ಷ ಸ್ಥಾನ ಬಿಟ್ಟದ್ದು 1984ರಲ್ಲಿ. ಹತ್ತು ವರ್ಷದ ಬಳಿಕ, 1994ರಲ್ಲಿ, ರಾಕೆಟ್ ರಹಸ್ಯಗಳನ್ನು ಹೊರದೇಶಕ್ಕೆ ಮಾರಿದರೆಂಬ ಬೇಹುಗಾರಿಕೆಯ ಆರೋಪದಲ್ಲಿ ಇಸ್ರೋ ವಿಜ್ಞಾನಿ ನಂಬಿ ನಾರಾಯಣನ್ ಮೊದಲಾದವರು ಬಂಧನಕ್ಕೊಳಗಾದರು. ಪತ್ರಿಕೆಗಳು ಅವರನ್ನು ದೇಶದ್ರೋಹಿಗಳೆಂದು ಬರೆದ ದಿನಗಳವು. ಅಂಥ ಹೊತ್ತಿನಲ್ಲಿ ದೂರ ನಿಲ್ಲುವುದೇ ಎಲ್ಲರಿಗೂ ಕ್ಷೇಮ. ಧವನ್ ಅವರು ಯು. ಆರ್. ರಾವ್, ಯಶ್ ಪಾಲ್, ರೊದ್ದಂ ನರಸಿಂಹ ಮುಂತಾದವರ ಜೊತೆ ಸೇರಿ, ಈ ಆರೋಪದಲ್ಲಿ ಹುರುಳಿಲ್ಲವೆಂದು ಸರ್ಕಾರಕ್ಕೆ ಪತ್ರ ಬರೆದರು. 1996ರಲ್ಲಿ ಸಿಬಿಐ ಆರೋಪ ಸುಳ್ಳೆಂದು ವರದಿ ಕೊಟ್ಟಿತು, 1998ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು.

ಅವರಿಗೆ ಹಕ್ಕಿಗಳೆಂದರೆ ಬಹಳ ಪ್ರೀತಿ. ಶ್ರೀಹರಿಕೋಟಾದ ಪಕ್ಕದ ಪುಲಿಕಾಟ್ ಸರೋವರದ ಹಕ್ಕಿಗಳನ್ನು ಗಮನಿಸಿ, ಹಕ್ಕಿಗಳ ಹಾರಾಟದ ಶಾಸ್ತ್ರದ ಬಗ್ಗೆ ಒಂದು ಪುಸ್ತಕ ಬರೆದರು. ಸುರಪುರ ತಾಲೂಕಿನ ಬೋನಾಳ ಕೆರೆಗೆ ಚಳಿಗಾಲದಲ್ಲಿ ಬರುವ ಹಕ್ಕಿಗಳನ್ನು ನೋಡಲು ನಮ್ಮ ಶಾಲೆಯಿಂದ ಹೋಗಿದ್ದಾಗ ನಾನು ರೆಕ್ಕೆಗಳನ್ನು ಎಣಿಸಿದ್ದೆನೇ ಹೊರತು ಅವು ಹೇಗೆ ಹಾರುತ್ತವೆಂದು ಕೇಳಿರಲಿಲ್ಲ. ಈಗಿನ ಮಕ್ಕಳು ಕೇಳಲಿ.

2002ರ ಜನವರಿ 3ರಂದು ಬೆಂಗಳೂರಿನಲ್ಲಿ ಅವರು ತೀರಿಕೊಂಡರು. ಅದೇ ವರ್ಷ ಶ್ರೀಹರಿಕೋಟಾದ ಉಡಾವಣಾ ಕೇಂದ್ರಕ್ಕೆ ಅವರ ಹೆಸರಿಟ್ಟರು. 2023ರಲ್ಲಿ ಚಂದ್ರನ ಮೇಲಿಳಿದ ಚಂದ್ರಯಾನ-3 ಹೊರಟದ್ದು ಸತೀಶ್ ಧವನ್ ಬಾಹ್ಯಾಕಾಶ ಕೇಂದ್ರದಿಂದಲೇ. ರಾಕೆಟ್ ಮೊದಲು ಸಮುದ್ರಕ್ಕೆ ಬಿದ್ದ ಜಾಗಕ್ಕೆ, ಆ ದಿನ ಮುಂದೆ ನಿಂತವರ ಹೆಸರು.

ಎಸ್ಸೆಸ್ಸೆಲ್ಸಿ ಫಲಿತಾಂಶ ಬಂದಾಗ ನಮ್ಮ ಯಾದಗಿರಿ ಜಿಲ್ಲೆಯ ಹೆಸರನ್ನು ಪಟ್ಟಿಯ ಕೆಳಗಿನಿಂದ ಹುಡುಕಬೇಕಾದ ವರ್ಷಗಳು ಇವೆ. ಆಗ ಪಾಲಕರು ಶಿಕ್ಷಕರನ್ನು, ಶಿಕ್ಷಕರು ಪಾಲಕರನ್ನು, ಇಬ್ಬರೂ ಸೇರಿ ಮಕ್ಕಳನ್ನು ದೂರುತ್ತೇವೆ. ನಾವು ಹಳೆಯ ವಿದ್ಯಾರ್ಥಿಗಳು ಬೆಂಗಳೂರಿನಿಂದ ಎಲ್ಲರನ್ನೂ ದೂರುತ್ತೇವೆ. ಕೊನೆಗೆ ನಪಾಸಾದ ಹುಡುಗಿ ಒಬ್ಬಳೇ ಕೋಣೆಯ ಮೂಲೆಯಲ್ಲಿ ಕೂತಿರುತ್ತಾಳೆ. 1979ರಲ್ಲಿ ಅವರು ಮಾಡಿದ್ದು ಎರಡೇ ಕೆಲಸ. ದೊಡ್ಡವರು ಹೊಣೆ ಹೊತ್ತರು, ಆಮೇಲೆ ಎಲ್ಲರೂ ಕೂತು ಯಾವ ಕವಾಟ ಸಿಕ್ಕಿಕೊಂಡಿತ್ತೆಂದು ಹುಡುಕಿದರು. ಹನ್ನೊಂದು ತಿಂಗಳು ಸಾಕಾಯಿತು.

ನಮ್ಮ ಮಕ್ಕಳ ಕವಾಟ ಗಣಿತದಲ್ಲಿರಬಹುದು, ಇಂಗ್ಲಿಷ್‌ನಲ್ಲಿರಬಹುದು, ಹತ್ತಿ ಬಿಡಿಸುವ ಕಾಲಕ್ಕೆ ಶಾಲೆ ತಪ್ಪುವುದರಲ್ಲಿರಬಹುದು, ಅಪ್ಪ ಅವ್ವ ದುಡಿಯಲು ಬೆಂಗಳೂರು ಪುಣೆಗೆ ಹೋಗಿರುವುದರಲ್ಲಿರಬಹುದು. ಒಬ್ಬೊಬ್ಬರದೂ ಬೇರೆ ಬೇರೆ. ಕೂತು ಹುಡುಕಬೇಕು. ಈ ಸುವರ್ಣ ಮಹೋತ್ಸವದ ವರ್ಷದಿಂದ ಹತ್ತನೆಯ ತರಗತಿಯ ಮಕ್ಕಳಿಗೆ ಪ್ರತಿ ಭಾನುವಾರ ಬೆಳಿಗ್ಗೆ ಒಂದು ತಾಸು ಆನ್‌ಲೈನ್ ಮೂಲಕ ಗಣಿತ ಹೇಳಿಕೊಡಲು ನಾನು ಮತ್ತು ನಮ್ಮ ಬ್ಯಾಚಿನ ಮೂವರು ಗೆಳೆಯರು ಒಪ್ಪಿಕೊಂಡಿದ್ದೇವೆ. ಮುಂದಿನ ಫಲಿತಾಂಶದಲ್ಲಿ ಗಣಿತದಲ್ಲಿ ಯಾರಾದರೂ ನಪಾಸಾದರೆ ಮೊದಲು ನಮ್ಮನ್ನು ಕೇಳಿ. ಪಾಸಾದರೆ ವೇದಿಕೆಯ ಮೇಲೆ ಮಕ್ಕಳನ್ನೂ ಅವರ ಶಿಕ್ಷಕರನ್ನೂ ಕರೆಯಿರಿ, ನಮಗೆ ಹಿಂದಿನ ಸಾಲಿನಲ್ಲಿ ಕುರ್ಚಿ ಇದ್ದರೆ ಸಾಕು.

(ಲೇಖಕರು 2005ರ ಎಸ್ಸೆಸ್ಸೆಲ್ಸಿ ತಂಡದ ಹಳೆಯ ವಿದ್ಯಾರ್ಥಿ, ಬಿ.ಇ., ಬೆಂಗಳೂರಿನಲ್ಲಿ ಸಾಫ್ಟ್‌ವೇರ್ ಇಂಜಿನಿಯರ್)